ಕಂಬಳಿ ಹೊದ್ದು ದಾಟಿದ ಸೇತುವೆ

ನನ್ನ ಅಪ್ಪನಿಗೆ,

ಅಪ್ಪಾ, ಅಕ್ಷರ ಸೊಟ್ಟಗಾದರೆ ಬೈಯಬೇಡ. ನೀನು ಓದು ಕಲಿತವನಲ್ಲ. ಆದರೂ ಈಗ ಎಲ್ಲಿದ್ದೀಯೋ ಅಲ್ಲಿ ಯಾರಾದರೂ ಓದಿ ಹೇಳುತ್ತಾರೆ ಅಂದುಕೊಂಡು ಬರೆಯುತ್ತಿದ್ದೇನೆ. ನನ್ನ ಮಗಳು, ನಿನ್ನ ಮೊಮ್ಮಗಳು ರೇಣುಕಾ ಒಳಗೆ ಮಲಗಿದ್ದಾಳೆ. ಚೊಚ್ಚಲ ಬಸುರಿ. ಇವತ್ತು ಬೆಳಿಗ್ಗೆ ಅವಳನ್ನು ಆಚೆ ದಂಡೆಯಿಂದ ಹೆರಿಗೆಗೆ ಕರೆತಂದೆ. ಹೌದು, ಕೃಷ್ಣೆಯ ಅದೇ ಹಳೆ ಸೇತುವೆ ಮೇಲೆ, ನಡೆಸಿಕೊಂಡು.

ನಾನು ಸಣ್ಣವಳಿದ್ದಾಗ ಸುಗ್ಗಿ ಮುಗಿದ ಮೇಲೆ ನಾವು ಮಕ್ತಲ್ ಕಡೆಯಿಂದ ಕುರಿ ಹೊಡೆದುಕೊಂಡು ರಾಯಚೂರು ಸೀಮೆಯ ಹೊಲಗಳಿಗೆ ಹೋಗುತ್ತಿದ್ದೆವಲ್ಲ, ನೆನಪಿದೆಯಾ? ಸೇತುವೆ ಕಂಡ ಕೂಡಲೇ ನಾನು ಅಳು ತೆಗೆಯುತ್ತಿದ್ದೆ. ಲಾರಿ ಬಂದರೆ ಕಾಲ ಕೆಳಗೆ ಎಲ್ಲ ಅಲ್ಲಾಡುತ್ತಿತ್ತು. ನೀನು ಮೈಲಾರಲಿಂಗನ ಭಂಡಾರವನ್ನು ಮೊದಲು ಮುಂದಿನ ಟಗರಿನ ಹಣೆಗೆ, ಆಮೇಲೆ ನನ್ನ ಹಣೆಗೆ ಹಚ್ಚಿ, ನನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ತಲೆ ತುಂಬ ಕಂಬಳಿ ಮುಚ್ಚುತ್ತಿದ್ದೆ. "ನೀ ಕಣ್ಣ ಮುಚ್ಚವ್ವಾ. ನಾ ನೋಡಾಕತ್ತೀನಲ್ಲ" ಅನ್ನುತ್ತಿದ್ದೆ. ಒಳಗೆ ಕುರಿಯ ವಾಸನೆ, ಹೊರಗೆ ಟಗರಿನ ಗಂಟೆ, ಜೊತೆಗೆ ನಿನ್ನ ಮಾತು. ಆ ದಂಡೆ ಮುಟ್ಟುವವರೆಗೆ ನಿನ್ನ ಬಾಯಿಗೆ ಬಿಡುವೇ ಇರುತ್ತಿರಲಿಲ್ಲ.

ಆ ಮಾತೆಲ್ಲ ಹೊಳೆ ದಾಟಿದವರದ್ದೇ. ನಿನ್ನ ಅಪ್ಪನ ಕಾಲಕ್ಕೆ ಹರಿಗೋಲು, ಸಲಕ್ಕೆ ನಾಲ್ಕೈದು ಕುರಿ, ಅದೂ ಕಾಲು ಕಟ್ಟಿ. ರೈಲಿನ ಸೇತುವೆ ಇತ್ತು, ಆದರೆ ಅದು ಕುರಿಗೂ ಅಲ್ಲ, ಬಂಡಿಗೂ ಅಲ್ಲ. ಆಮೇಲೆ ನಿಜಾಮನ ಸರಕಾರ ಈ ರಸ್ತೆ ಸೇತುವೆ ಕಟ್ಟಿಸಿತು. "ಮೊದಲ ಆಚಿ ದಂಡಿಗಿ ಹೆಣ್ಣ ಕೊಡೂದಂದ್ರ ಹೊಳಿಗಿ ಹಾಕಿದಂಗ ಅಂತಿದ್ರು. ಬ್ರಿಜ್ ಬಂತು, ಬೀಗರು ಬಂದ್ರು" ಅಂತ ಎಷ್ಟು ಸಲ ಹೇಳಿದ್ದೀಯ! ಈಗ ಈ ದಂಡೆಯ ಬಸ್ಸಿನ ಬೋರ್ಡು ತೆಲುಗು, ಆ ದಂಡೆಯದು ಕನ್ನಡ. ಸರಕಾರವೂ ಬೇರೆ ಬೇರೆ. ನಮ್ಮ ಕಡೆ ಕನ್ನಡ ಇನ್ನೂ ಉಳಿದಿದ್ದರೆ ಅದು ಸೇತುವೆ ದಾಟಿ ಬಂದ ಸೊಸೆಯಂದಿರಿಂದ. ನಿನ್ನ ಮಾತು ನಂಬಿಯೇ ನಾನು ರೇಣುಕಾಳನ್ನು ಆಚೆ ಕೊಟ್ಟೆ. ಸೇತುವೆಗೇ ವಯಸ್ಸಾದರೆ ಏನು ಮಾಡಬೇಕು ಅಂತ ನೀನು ಹೇಳಿಕೊಡಲಿಲ್ಲವಲ್ಲ...

ಅವಳನ್ನು ಏಳನೇ ತಿಂಗಳಲ್ಲೇ ಕರೆತರಬೇಕಿತ್ತು. ಹೊಳೆ ತುಂಬಿದೆ ಅಂತ ಹೆದರಿ ಕೂತೆ. ಎಂಟರಲ್ಲಿ ಬಸುರಿ ಹೊಳೆ ದಾಟಬಾರದು ಅನ್ನುವುದು ನಮ್ಮ ರೂಢಿ. ಹಾಗೂ ಹೀಗೂ ಒಂಬತ್ತು ಬಿತ್ತು. ಅಷ್ಟರಲ್ಲಿ ರಿಪೇರಿ ಅಂತ ಸೇತುವೆ ಮೇಲೆ ಗಾಡಿ ಬಿಡುವುದನ್ನು ನಿಲ್ಲಿಸಿದ್ದರು, ನಡೆಯುವವರನ್ನು ಮಾತ್ರ ಬಿಡುತ್ತಿದ್ದರು. ಅಲ್ಲೇ ಹೆರಲಿ ಅನ್ನೋಣವೆಂದರೆ ಅವಳ ಅತ್ತೆಗೆ ಕಣ್ಣು ಕಾಣದು, ಅಳಿಯ ಕುರಿ ಹಿಂದೆ ಹೋದವನು ಯಾವಾಗ ಬರುತ್ತಾನೋ ಗೊತ್ತಿಲ್ಲ. ಗದ್ವಾಲಕ್ಕೆ ಹೋಗಿ, ಧರೂರಿನ ಮೇಲೆ ಹಾದು, ಅಲ್ಲಿನ ಅಣೆಕಟ್ಟಿನ ಮೇಲಿನ ದಾರಿಯಿಂದ ಗಾಡಿಯಲ್ಲಿ ಬರಬಹುದಿತ್ತು. ಅಷ್ಟು ಸುತ್ತಿನ ಕುಲುಕಾಟದಲ್ಲಿ ದಾರಿಯಲ್ಲೇ ನೋವು ಬಂದರೆ? ನಡೆಸಿಕೊಂಡು ಬರೋಣವೆಂದರೆ, ಸೇತುವೆಯ ನಡುಮಧ್ಯೆ ಬಂದರೆ? "ಅವ್ವಾ, ಬಂದು ಕರಕೊಂಡು ಹೋಗು" ಅಂತ ಅವಳು ಫೋನಿನಲ್ಲಿ ಅತ್ತಳು.

ನಿನ್ನೆ ನಿನ್ನ ತಮ್ಮ, ನಮ್ಮ ಕಾಕಾ, ಕಟ್ಟೆ ಮೇಲೆ ಕೂತಿದ್ದ. "ಅಪ್ಪ ಇದ್ದಿದ್ರ ನನಗ ಈ ಅಂಜಿಕಿ ಇರ್ತಿದ್ದಿಲ್ಲ ಕಾಕಾ. ಅವನ ಧೈರ್ಯ ನನಗ ಬರಲಿಲ್ಲ" ಅಂದೆ. ಕಾಕಾ ನಕ್ಕೇಬಿಟ್ಟ. "ನಿಮ್ಮಪ್ಪಗ ಧೈರ್ಯ? ಬ್ರಿಜ್ ಏರಿದ್ರ ಅಂವ ಕಣ್ಣ ಮುಚ್ಚತಿದ್ದ. ಟಗರಿನ ಕೊಳ್ಳಾಗಿನ ಹಗ್ಗ ಹಿಡಕೊಂಡು ಹೊಂಟ್ಬಿಡ್ತಿದ್ದ. ಮಗ್ಗಲಿಗೇ ಬರಾಂವ ನಾನು, ನನಗ ಗೊತ್ತಿಲ್ಲೇನು? ದಾರಿ ನೋಡಿದ್ದು ಟಗರವ್ವಾ, ಅಂವ ಅಲ್ಲ." ಅಪ್ಪಾ, ನನಗೆ ನಗು ಬರಲಿಲ್ಲ. ಇಷ್ಟು ವರ್ಷದ ಮೇಲೆ ನಿನ್ನ ಹೆಗಲ ಮೇಲಿಂದ ಬಿದ್ದ ಹಾಗಾಯಿತು. ಹಾಗಾದರೆ ನನ್ನನ್ನು ಯಾರೂ ನೋಡಿಕೊಳ್ಳುತ್ತಿರಲಿಲ್ಲವಾ?

ಇವತ್ತು ಬೆಳಿಗ್ಗೆ ನಿನ್ನ ಕಂಬಳಿ ಹೆಗಲಿಗೆ ಹಾಕಿಕೊಂಡೇ ಹೋದೆ. ಆಚೆ ತುದಿಯಲ್ಲಿ ರೇಣುಕಾಳ ಹಣೆಗೆ ಭಂಡಾರ ಹಚ್ಚಿ ಕೈ ಹಿಡಿದು ಹೊರಟೆ. ಅರ್ಧ ದಾರಿಗೆ ಅವಳು ನಿಂತುಬಿಟ್ಟಳು. ಕೆಳಗೆ ನೀರಿನ ಸದ್ದು ಎದೆಗೇ ಬಡಿಯುತ್ತಿತ್ತು. ಹೊಟ್ಟೆ ಹಿಡಿದುಕೊಂಡು, "ಅವ್ವಾ, ನನಗ ಕಾಲ ಬರವಲ್ವು" ಅಂದಳು. ನನಗಾದರೂ ಕಾಲು ಎಲ್ಲಿ ಬರುತ್ತಿದ್ದವು? ಕಂಬಳಿ ತೆಗೆದು ಅವಳ ತಲೆಗೆ ಹೊದಿಸಿದೆ. "ನೀ ಕಣ್ಣ ಮುಚ್ಚವ್ವಾ, ನಾ ನೋಡಾಕತ್ತೀನಲ್ಲ" ಅಂದಿದ್ದು ನಾನೋ ನೀನೋ ತಿಳಿಯಲಿಲ್ಲ. ಅಂದ ಮೇಲೆ ನೋಡಿದರೆ ನನ್ನ ಮುಂದೆ ಟಗರಿಲ್ಲ. ಕಣ್ಣು ಬಿಡದೆ ಬೇರೆ ದಾರಿ ಇರಲಿಲ್ಲ. ಹರಿಗೋಲು, ರೈಲು, ನಿಜಾಮ, ಬೀಗರು ಅಂತ ಬಾಯಿಗೆ ಬಂದದ್ದನ್ನೆಲ್ಲ ಹೇಳುತ್ತ ಅವಳನ್ನು ನಡೆಸಿದೆ. ನೀನು ಯಾಕೆ ಅಷ್ಟು ಮಾತಾಡುತ್ತಿದ್ದೆ ಅನ್ನುವುದು ಆಗ ಗೊತ್ತಾಯಿತು. ಕಣ್ಣು ಮುಚ್ಚಿಕೊಂಡಾದರೂ ಪ್ರತಿ ಸಲ ದಾಟಿಸಿದೆಯಲ್ಲ ಅಪ್ಪಾ.

ಅಷ್ಟು ಸಲ ದಾಟಿಯೂ ನೀನು ಮೇಲಿನಿಂದ ಹೊಳೆ ನೋಡಲೇ ಇಲ್ಲವಲ್ಲ, ಹೇಳುತ್ತೇನೆ ಕೇಳು. ನೀರು ಒಂದೇ ಬಣ್ಣದ್ದಲ್ಲ. ನಮ್ಮ ದಂಡೆಯ ಕಡೆ ಕೆಂಪು, ನಡುವೆ ಬೂದಿ ಬಣ್ಣ. ಬಂಡೆಗಳು ಮುಳುಗಿ ಮೇಲಿನ ತುದಿಯಷ್ಟೇ ಕಾಣುತ್ತದೆ, ಮಲಗಿದ ಕುರಿಗಳ ಬೆನ್ನಿನ ಹಾಗೆ. ದೂರದಲ್ಲಿ ರೈಲಿನ ಸೇತುವೆ ಇದೆ. ಬಹಳ ಅಗಲ ಅಪ್ಪಾ, ಬಹಳ ಹೆದರಿಕೆಯಾಗುತ್ತದೆ. ನೀನು ಕಣ್ಣು ಮುಚ್ಚಿದ್ದರಲ್ಲಿ ತಪ್ಪೇನಿಲ್ಲ.

ಬಾಣಂತನ ಮುಗಿದ ಮೇಲೆ ಕೂಸನ್ನು ಎತ್ತಿಕೊಂಡು ಮತ್ತೆ ಅಲ್ಲೇ ದಾಟಬೇಕು. ಅಷ್ಟು ಹೊತ್ತಿಗೆ ನನ್ನ ಅಂಜಿಕೆ ಹೋಗಿರುತ್ತದೆ ಅಂತ ಸುಳ್ಳು ಹೇಳುವುದಿಲ್ಲ. ಗಾಳಿ ತಾಗದ ಹಾಗೆ ಕೂಸಿಗೆ ನಿನ್ನ ಕಂಬಳಿಯನ್ನೇ ಹೊದಿಸುತ್ತೇನೆ. ಮುಖ ಮಾತ್ರ ಮುಚ್ಚುವುದಿಲ್ಲ.

ನಿನ್ನ ಹೆಗಲ ಮೇಲಿನ ಮಗಳು