ಪುಕ್ಕಟೆಗೆ ಬ್ರಹ್ಮಚಾರಿಯಾದವರಿಗೆ

ರೀ,

ಡ್ಯೂಟಿ ಹೊತ್ತಾಯಿತು, ಆಸ್ಪತ್ರೆಗೆ ಹೊರಟೆ. ಮಧ್ಯಾಹ್ನದ ಗೊರಕೆ ಜೋರಾಗಿತ್ತು, ಎಬ್ಬಿಸಲಿಲ್ಲ.

ಹಾಲು ಆರಿದ ಮೇಲೆ ಬೆಕ್ಕಿಗೆ ಸಿಗದ ಹಾಗೆ ಮುಚ್ಚಿಡಿ. ನಲ್ಲಿ ತೊಟ್ಟಿಕ್ಕುತ್ತಿದೆ, ಕೆಳಗಿನ ಬಕೆಟ್ ತೆಗೆಯಬೇಡಿ.

ಇನ್ನು ಕಂಪ್ಯೂಟರ್ ವಿಷಯ. "ಈ ಸಲ ತೆರಿಗೆ ಫಾರಂ ನಾನೇ ತುಂಬ್ತೀನಿ, ಸಾಫ್ಟ್‌ವೇರ್ ಪೂರ್ತಿ ಪುಕ್ಕಟೆ ಕಣೇ" ಅಂತ ನಿನ್ನೆಯಿಂದ ಜಂಬ ಕೊಚ್ಚುತ್ತಿದ್ದಿರಲ್ಲ, ತೆರೆದು ನೋಡಿದೆ. ಸ್ವಂತ ಅಂಗಡಿ ಇದೆಯಾ ಅಂತ ಕೇಳುತ್ತದೆ. 'ಹೌದು' ಒತ್ತಿದರೆ ದುಡ್ಡು ಕೊಡಬೇಕು. ಅದಕ್ಕೆ ನೀವು 'ಇಲ್ಲ' ಒತ್ತಿದ್ದೀರಿ. ಹದಿನೆಂಟು ವರ್ಷ ಗ್ರೀಸ್ ಮೆತ್ತಿಕೊಂಡು ನಡೆಸಿದ ಸೈಕಲ್ ಅಂಗಡಿ ಒಂದೇ ಏಟಿಗೆ ಮಾಯ! ಆಮೇಲೆ ಮದುವೆಯಾಗಿದೆಯಾ ಅಂದಿದೆ. 'ಹೌದು' ಅಂದರೆ ಮತ್ತೆ ದುಡ್ಡು. ಅಲ್ಲೂ 'ಇಲ್ಲ'!

ನಾನಲ್ಲ ಅನ್ನಬೇಡಿ, ಮೌಸ್ ಮೇಲೆ ಗ್ರೀಸ್ ಬೆರಳಚ್ಚು ಹಾಗೇ ಇದೆ. ಸಾಫ್ಟ್‌ವೇರ್‌ನವರು ಕೇಳುವುದು ಎರಡು ಸೈಕಲ್ ಟ್ಯೂಬಿನ ಬೆಲೆಯಷ್ಟೇ. ಅಷ್ಟಕ್ಕೆ ನನ್ನನ್ನು ಬಿಟ್ಟಿರಾ?

ಪುಣ್ಯಕ್ಕೆ ಇನ್ನೂ ಕಳಿಸಿಲ್ಲ. ನಾನು ಬರುವುದರೊಳಗೆ ಎಲ್ಲ ತಿದ್ದಿ, ದುಡ್ಡು ಕಟ್ಟಿ ಕಳಿಸಿ. ಮೊದಲು ನನ್ನ 'ಇಲ್ಲ' ತಿದ್ದಿ, ಅಂಗಡಿಯದು ಆಮೇಲೆ.

ತಿದ್ದಿದರೆ, ನೀಲಿ ಡಬ್ಬಿಯಲ್ಲಿ ಊಟ ಇದೆ. ತಿದ್ದದಿದ್ದರೆ ಇವತ್ತು ಅಂಗಡಿಯಲ್ಲೇ ಮಲಗಿ ಅನ್ನೋಣವೆಂದರೆ, ಅದನ್ನೂ ಇಲ್ಲ ಅಂದುಬಿಟ್ಟಿದ್ದೀರಲ್ಲ!