ಪಟ್ಟಿ ಕಟ್ಟಿದ ಸಲಗ

ಸೋಮವಾರಪೇಟೆ
ಜನವರಿ ೯, ೨೦೨೬

ಪ್ರೀತಿಯ ತಮ್ಮ ಕೀರ್ತಿಗೆ, ಅಕ್ಕನ ಆಶೀರ್ವಾದ.

ಹೇಗಿದ್ದೀಯ? ಆಫೀಸಿನಲ್ಲಿ ಉಪಗ್ರಹ ಕಾಯುತ್ತ ಕೂತು ಊಟ ಮರೆಯಬೇಡ, ನಿನ್ನ ಹೊಟ್ಟೆನೋವು ನನಗೆ ಗೊತ್ತು. ನಾನು ಚೆನ್ನಾಗಿಲ್ಲ. ಫೋನಿನಲ್ಲಾದರೆ ಬರೀ ಬೈಯುತ್ತೇನೆ, ಅದಕ್ಕೇ ಕಾಗದ.

ಫೋನಿನಲ್ಲಿ ಪೂರ್ತಿ ಹೇಳಲಾಗಲಿಲ್ಲ, ನಮ್ಮ ತೋಟದಲ್ಲಿ ಕಾಫಿ ಪಿಕ್ಕಿಂಗ್ ಮಾಡುವ ರಮ್ಯಳನ್ನು ಆನೆ ಕೊಂದುಹಾಕಿತು. ಆ ಪಟ್ಟಿ ಕಟ್ಟಿದ ಸಲಗವೇ. ಮೊದಲೆಲ್ಲ ಹೆಂಗಸರನ್ನು ತೋಟಕ್ಕೆ ಇಳಿಸುವ ಮುನ್ನ ಅಪ್ಪ ಗರ್ನಾಲು ಪಟಾಕಿ ಸಿಡಿಸಿ, ಒಂದು ಸುತ್ತು ಹೋಗಿ, ಲದ್ದಿ ಬಿಸಿಯಿದೆಯೇ ಎಂದು ಮುಟ್ಟಿ ನೋಡುತ್ತಿದ್ದರು. ಸಲಗದ ಕೊರಳಿಗೆ ಅರಣ್ಯ ಇಲಾಖೆಯವರ ರೇಡಿಯೋ ಪಟ್ಟಿ ಬಂದು, ಅದು ಹತ್ತಿರ ಸುಳಿದರೆ ಫೋನಿಗೆ ಮೆಸೇಜ್ ಬರತೊಡಗಿದ ಮೇಲೆ ಅದನ್ನೆಲ್ಲ ಬಿಟ್ಟೆವು. ಮೊನ್ನೆಯೂ ಅಪ್ಪ, "ಫೋನ್ ಸುಮ್ನಿದೆ, ನಡೀರವ್ವ" ಎಂದು ಕಳಿಸಿದರು. ಗಿಡಗಳ ನಡುವಿಂದ ನುಗ್ಗಿದ ಸಲಗ ಅವಳನ್ನು ಸೊಂಡಿಲಲ್ಲಿ ಎತ್ತಿ ಸಿಲ್ವರ್ ಮರಕ್ಕೆ ಅಪ್ಪಳಿಸಿತು. ಬಿದ್ದವಳ ಎದೆಯ ಮೇಲೆ ಕಾಲಿಟ್ಟಿತು. ನೆಲದಲ್ಲಿ ಕಾಫಿ ಹಣ್ಣು ಯಾವುದು, ರಕ್ತ ಯಾವುದು ತಿಳಿಯಲಿಲ್ಲ ಕಣೋ. ಅವಳ ಸೊಂಟದಿಂದ ಹಣ್ಣಿನ ಚೀಲ ಬಿಚ್ಚಿದ್ದು ನಾನೇ.

ಪಟ್ಟಿಯಿಂದ ಫೋನಿಗೆ ಸುದ್ದಿ ತರುವ ಉಪಗ್ರಹ ಹಿಂದಿನ ದಿನವೇ ಒಡೆದಿತ್ತು ಎಂದು ಆಮೇಲೆ ನೀನು ಹೇಳಿದೆ. ಕೆಳಗೆ ಸೆಕೆ ಹೆಚ್ಚಿಸುವ ನಮ್ಮ ಹೊಗೆಯೇ ತೀರಾ ಮೇಲಿನ ಗಾಳಿಯನ್ನು ತಣ್ಣಗಾಗಿಸಿ ಕುಗ್ಗಿಸುತ್ತದಂತೆ. ಸತ್ತ ಉಪಗ್ರಹಗಳ ಚೂರುಗಳನ್ನು ತಡೆದು, ಕೆಳಗಿಳಿಸಿ, ಸುಟ್ಟುಹಾಕುವಷ್ಟು ಗಾಳಿ ಈಗ ಅಲ್ಲಿ ಇಲ್ಲವಂತೆ. ಹಾಗೆ ಬೀಳದೆ ಉಳಿದ ಚೂರೊಂದು ಬಡಿಯಿತಂತೆ. ಇದನ್ನು ರಮ್ಯಳ ತಾಯಿಗೆ ಯಾವ ಬಾಯಲ್ಲಿ ಹೇಳಲಿ? ನಿನ್ನ ಆಕಾಶಕ್ಕೆ ಬೆಂಕಿ ಬೀಳ!

ಅಪ್ಪ ಕೋವಿ ಒರೆಸುತ್ತ ಕೂತಿದ್ದಾರೆ. ಸಲಗ ಸಾಯಲೇಬೇಕಂತೆ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ. ರಮ್ಯಳನ್ನು ಕಳಿಸಿದ್ದಕ್ಕೆ ಅವರಿಗೆ ಸಿಟ್ಟು ಅವರ ಮೇಲೆಯೇ, ನನಗೆ ಗೊತ್ತು. ಹೊಡೆದರೆ ಈ ವಯಸ್ಸಿನಲ್ಲಿ ಜೈಲು, ತಪ್ಪಿದರೆ ಸಲಗದ ಕಾಲಡಿಗೆ. ಕಾಡತೂಸು ಅಕ್ಕಿ ಡಬ್ಬದಲ್ಲಿ ಬಚ್ಚಿಟ್ಟಿದ್ದೇನೆ. ನೀನು ಬಂದು ಅವರೆದುರು ಕೂತು ಹೇಳು. ನನ್ನ ಮಾತು ಅವರು ಕೇಳುವುದಿಲ್ಲ.

ದೇವರು ನಿನ್ನನ್ನು ಚೆನ್ನಾಗಿಟ್ಟಿರಲಿ.

ನಿನ್ನ ಅಕ್ಕ,
ಪ್ರೇಮಾವತಿ

ತಾ.ಕ.: ಕಾಗದ ಅಂಟಿಸುವಷ್ಟರಲ್ಲಿ ಕೆಳಗಿನ ತೋಟದಲ್ಲಿ ಕೋವಿಯ ಈಡು ಕೇಳಿಸಿತು. ಅಪ್ಪ ಮನೆಯಲ್ಲಿಲ್ಲ. ಪಕ್ಕದ ತೋಟದ ಬೆಳ್ಳಿಯಪ್ಪನ ಹತ್ತಿರ ಕಾಡತೂಸು ಇಸಕೊಂಡು ಹೋದರಂತೆ. ಬೇರೆ ಉಪಗ್ರಹಕ್ಕೆ ಜೋಡಿಸಿದರೇನೋ, ಫೋನಿಗೆ ಮೆಸೇಜ್ ಮತ್ತೆ ಬರುತ್ತಿದೆ. ಸಲಗ ನಮ್ಮ ತೋಟದಲ್ಲೇ ಇದೆ, ಒಂದೇ ಜಾಗದಲ್ಲಿ, ಕದಲುತ್ತಿಲ್ಲ. ಕೂಗಿದರೆ ಅಪ್ಪನೂ ಓಗೊಡುತ್ತಿಲ್ಲ. ಗರ್ನಾಲು ಹಿಡಿದು ನಾನೇ ಇಳಿಯುತ್ತಿದ್ದೇನೆ. ನೀನು ಫೋನ್ ಎತ್ತುತ್ತಿಲ್ಲ, ಕಾಗದ ಸಿಕ್ಕ ಕೂಡಲೇ ಹೊರಟು ಬಾ.