ಬೋರ್ಡ್ ಇಲ್ಲದ ಬಸ್ಸು ಹತ್ತಿದ ಮಾವ

ಐ.ಡಿ.ಹಳ್ಳಿ,
ಮಧುಗಿರಿ ತಾಲ್ಲೂಕು
ಗುರುವಾರ, ೨೧-೧೧-೨೦೨೪

ಪ್ರೀತಿಯ ಲೀಲೂ,

ಬೇರೆಯವರ ಬಾಯಿಂದ ನಿನ್ನ ಕಿವಿಗೆ ಬೀಳುವ ಮುಂಚೆ ನಾನೇ ಹೇಳಿಬಿಡುತ್ತೇನೆ. ಹೋದ ಸೋಮವಾರ ನಾನು ಸಿದ್ದರಬೆಟ್ಟವನ್ನು ಒಂದೇ ಉಸಿರಿಗೆ ಹತ್ತಿದೆ. ಒಂದೇ ಉಸಿರು ಅಂದರೆ ಒಂದೇ ಉಸಿರು, ಕೆಳಗೆ ಎಳೆದುಕೊಂಡದ್ದನ್ನು ಮೇಲೆ ಗವಿಯ ಬಾಗಿಲಲ್ಲಿ ಬಿಟ್ಟದ್ದು. ಅರ್ಧ ದಾರಿಯಲ್ಲಿ ಒಂದು ಚಿರತೆ ಎದುರಾಗಿ, ನನ್ನ ಮೀಸೆ ನೋಡಿ, ಪಕ್ಕಕ್ಕೆ ಸರಿದು ದಾರಿ ಬಿಟ್ಟಿತು. ಟ್ರೆಕ್ಕಿಂಗಿಗೆ ಬಂದಿದ್ದ ಹುಡುಗರು ನನ್ನ ಜೊತೆ ಫೋಟೋ ತೆಗೆಸಿಕೊಂಡರು. ಫೋಟೋ ಯಾಕೆ ಕಳಿಸಿಲ್ಲ ಅಂದರೆ ಬಿಸಿಲು ಜಾಸ್ತಿಯಾಗಿ ಚಿರತೆ ಸರಿಯಾಗಿ ಬಿದ್ದಿಲ್ಲ.

ನೀನು ಹೇಗಿದ್ದೀಯಮ್ಮ? ಬೀದರಿನ ಕಡೆ ಚಳಿ ನಮ್ಮ ಕಡೆಯ ಚಳಿಯಂಥದ್ದಲ್ಲ, ಮೂಳೆಗೇ ಇಳಿಯುತ್ತದೆ ಅನ್ನುತ್ತಾರೆ. ರಾತ್ರಿ ಕಿವಿಗೆ ಏನಾದರೂ ಕಟ್ಟಿಕೋ. ಸಣ್ಣವಳಿದ್ದಾಗಿನಿಂದ ನಿನಗೆ ಕಾಯಿಲೆ ಬಂದದ್ದೆಲ್ಲ ಕಿವಿಯಿಂದಲೇ. ಜೋಳದ ರೊಟ್ಟಿ ಹಲ್ಲಿಗೆ ಒಳ್ಳೇದು, ನಾನು ಬೇಡ ಅನ್ನಲ್ಲ, ಆದರೆ ವಾರಕ್ಕೆ ಒಂದು ಸಲವಾದರೂ ರಾಗಿ ಹಿಟ್ಟು ಹುಡುಕಿ ಮುದ್ದೆ ತಿರುವಿಕೋ. ಚಿತ್ರ ಬರೆಯುವಾಗ ಕಾಗದಕ್ಕೆ ಮೂಗು ತಾಗಿಸಬೇಡ. ನನ್ನ ಆರೋಗ್ಯ ಕೇಳಿದೆ ಅಂತ ಅಂದುಕೊಂಡು ಹೇಳುತ್ತೇನೆ: ಮೊಣಕಾಲು ಬಹಳ ಚೆನ್ನಾಗಿದೆ, ಗೋಡೆ ಹಿಡಿದುಕೊಂಡು ಬಚ್ಚಲಿಗೆ ಹೋಗಿ ಬರುವಷ್ಟು ಚೆನ್ನಾಗಿದೆ. ಸಿದ್ದರಬೆಟ್ಟದ ವಿಷಯಕ್ಕೂ ಇದಕ್ಕೂ ಗಂಟು ಹಾಕಬೇಡ.

ನೀನು ಫೋನು ಎತ್ತುತ್ತಿಲ್ಲ. ವಾಟ್ಸಾಪಿನಲ್ಲಿ ಹಾಕಿದ್ದಕ್ಕೆಲ್ಲ ಒಂದೇ ಟಿಕ್ಕು ಬೀಳುತ್ತಿದೆ. ಊರಲ್ಲಿ ಕೇಳಿದವರಿಗೆ ಅಲ್ಲಿ ಟವರ್ ಕೆಟ್ಟುಹೋಗಿದೆ ಅಂತ ಹೇಳಿದ್ದೇನೆ. ದೀಪಾವಳಿಗೆ ಬರಲಿಲ್ಲ ಯಾಕೆ ಅಂದವರಿಗೆ ಅದೇ ಟವರ್ ರಿಪೇರಿಗೆ ನಿನ್ನನ್ನೇ ಕರೆದಿದ್ದಾರೆ ಅಂದೆ. ಡ್ರಾಯಿಂಗ್ ಟೀಚರ್‌ಗೂ ಟವರ್‌ಗೂ ಏನಯ್ಯಾ ಸಂಬಂಧ ಅಂತ ಹೋಟೆಲಿನ ಭೀಮರಾಜು ಕೇಳಿದ. ಮೇಲೆ ಹತ್ತುವ ಮುಂಚೆ ಯಾರಾದರೂ ನಕ್ಷೆ ಬರೆಯಬೇಡವಾ ಅಂತ ಬಾಯಿ ಮುಚ್ಚಿಸಿದೆ. ಬಾಯಿ ಮುಚ್ಚಿಸುವುದು ಸುಲಭ ಕಣಮ್ಮ, ಆಮೇಲೆ ಮನೆಗೆ ಬಂದು ಬೀಗ ತೆಗೆಯುವಾಗ ಕಷ್ಟ.

ಭೀಮರಾಜು ಹೋಟೆಲಿಗೆ ಈಗಲೂ ಒಂದೇ ಪೇಪರು ಬರುವುದು. ಭಾನುವಾರ ಅದನ್ನು ಹಾಳೆಹಾಳೆ ಬಿಡಿಸಿ ಟೇಬಲಿಗೊಂದು ಹಂಚುತ್ತಾನೆ. ರಾಜಕೀಯ ಒಂದು ಕಡೆ, ಕ್ರಿಕೆಟ್ಟು ಒಂದು ಕಡೆ, ನಿನ್ನ ‘ಕೆಂಚಿಯ ಭಾನುವಾರ’ ಚಿತ್ರಕಥೆ ಇರುವ ಹಾಳೆ ಮಾತ್ರ ಕಿಟಕಿ ಪಕ್ಕದ ಟೇಬಲಿಗೆ, ಅಂದರೆ ನನಗೂ ಮಹಾಲಿಂಗಯ್ಯನಿಗೂ. ಅವನು ಕಂಡಕ್ಟರಾಗಿ ರಿಟೈರ್ ಆದವನು, ಏನು ಕೊಟ್ಟರೂ ಟಿಕೆಟ್ ನೋಡಿದ ಹಾಗೆ ಎರಡೂ ಕಡೆ ತಿರುಗಿಸಿ ನೋಡುತ್ತಾನೆ. ಹೊಸಬರು ಯಾರಾದರೂ ಟೀ ಕುಡಿಯಲು ಬಂದರೆ ನಾನೇ ಪಕ್ಕಕ್ಕೆ ಕೂರಿಸಿಕೊಂಡು ವಿವರಿಸುತ್ತಿದ್ದೆ: ನೋಡಪ್ಪ, ಈ ಗುಂಗುರು ಕೂದಲಿನ ಆರು ವರ್ಷದ ಹುಡುಗಿ ಕೆಂಚಿ, ಇವಳಿಗೆ ಕಂಡದ್ದೆಲ್ಲ ಇನ್ನೊಂದಾಗಿ ಕಾಣುತ್ತದೆ. ಹಿತ್ತಲಲ್ಲಿರುವ ಈ ದುಂಡು ಬಂಡೆ ಅವಳ ಸ್ನೇಹಿತ ಮರಿಬೆಟ್ಟ, ಎದ್ದು ನಡೆಯುತ್ತದೆ, ಮಾತಾಡುತ್ತದೆ, ಉಪ್ಪಿನಕಾಯಿ ಕೇಳುತ್ತದೆ. ಇವರು ಗಂಟೆ ಮೇಷ್ಟ್ರು, ಜೇಬಲ್ಲೇ ಶಾಲೆಯ ಗಂಟೆ ಇಟ್ಟುಕೊಂಡು ಮಕ್ಕಳು ನಕ್ಕರೂ ಸೀನಿದರೂ ಬಾರಿಸುತ್ತಾರೆ. ಇನ್ನು ದೊಡ್ಡವರಲ್ಲಿ ಮರಿಬೆಟ್ಟದ ಮಾತು ಕೇಳಿಸುವುದು ಒಬ್ಬನಿಗೇ, ಅವನು ಬುರುಡೆ ಮಾವ, ಅಂತ ಹೇಳಿ ನಾನು ಮೀಸೆ ತಿರುವುತ್ತಿದ್ದೆ. ಅಷ್ಟಕ್ಕೇ ಜನಕ್ಕೆ ಅರ್ಥವಾಗುತ್ತಿತ್ತು.

ಅದನ್ನೆಲ್ಲ ನೀನು ತಲೆಯಿಂದ ಕಟ್ಟಿದ್ದು ಅಂತ ಪೇಪರಿನವರು ತಿಳಿದುಕೊಂಡಿರಬಹುದು. ನನಗೆ ಗೊತ್ತು ಅದು ಯಾವ ದಿನದ್ದು ಅಂತ. ನಿನ್ನವ್ವ, ನಮ್ಮಕ್ಕ ತೀರಿಕೊಂಡ ಮಾರನೆಯ ದಿನ ನೀನು ಅನ್ನ ಮುಟ್ಟಿರಲಿಲ್ಲ. ಮನೆ ತುಂಬ ಹೆಂಗಸರು, ಒಬ್ಬೊಬ್ಬರೂ ತಟ್ಟೆ ಹಿಡಿದು ಬಂದು ಸೋತು ಹೋದರು. ನನಗೆ ಮಕ್ಕಳಿಗೆ ಉಣ್ಣಿಸಿ ಗೊತ್ತಿಲ್ಲ, ಸುಳ್ಳು ಹೇಳಿ ಮಾತ್ರ ಗೊತ್ತು. ಹಿತ್ತಲಿಗೆ ಕರೆದುಕೊಂಡು ಹೋಗಿ ಬಂಡೆ ತೋರಿಸಿ, ಇದು ಮಧುಗಿರಿ ಬೆಟ್ಟದ ಮರಿ ಕಣಮ್ಮ, ಅವ್ವನ ಹಿಂದೆ ಹೋಗ್ತಾ ಹೋಗ್ತಾ ದಾರಿ ತಪ್ಪಿ ನಮ್ಮ ಹಿತ್ತಲಲ್ಲಿ ಕೂತದೆ, ಮೂರು ದಿನದಿಂದ ಉಂಡಿಲ್ಲ ಅಂದೆ. ನೀನು ಬಹಳ ಹೊತ್ತು ಅದನ್ನೇ ನೋಡಿ, ‘ಅದ್ಕೂ ಇಕ್ಕು’ ಅಂದೆ. ಬಂಡೆಗೆ ಒಂದು ತುತ್ತು, ನಿನಗೆ ಒಂದು ತುತ್ತು. ಆವತ್ತಿನಿಂದ ನೀನು ಕಾಲೇಜಿಗೆ ಹೋಗುವವರೆಗೂ ನಮ್ಮ ಮನೆಯಲ್ಲಿ ಮೂರು ಜನ ಇದ್ದೆವು ಅಂತಲೇ ನನ್ನ ಲೆಕ್ಕ. ನನಗೆ ಮದುವೆ ಆಗಲಿಲ್ಲ ಅಂತ ಜನ ಅನ್ನುತ್ತಾರೆ. ಪಾವಗಡದಿಂದ ಮಡಕಶಿರಾವರೆಗೆ ಹೆಣ್ಣುಗಳು ಸಾಲಲ್ಲಿ ನಿಂತಿದ್ದವು, ಮನೆಯಲ್ಲಿ ಜಾಗ ಇರಲಿಲ್ಲ ಅಷ್ಟೇ.

ಈಗ ಫ್ಲೆಕ್ಸಿನ ವಿಷಯ. ಅದನ್ನು ಬಿಟ್ಟು ಬರೆಯಬೇಕು ಅಂತ ಕೂತೆ, ಆಗಲಿಲ್ಲ. ನೀನು ಪೇಪರಲ್ಲಿ ‘ಹುಣಸೆಬೀಜ’ ಅಂತ ಹೆಸರಿಟ್ಟುಕೊಂಡು ಬರೆಯುತ್ತೀಯ, ಇದು ನಮ್ಮಿಬ್ಬರಲ್ಲೇ ಇರಲಿ ಮಾವ ಅಂತ ಹೇಳಿದ್ದೆ. ನಾನು ಹೂಂ ಅಂದದ್ದೂ ನಿಜ. ಆದರೆ ನಮ್ಮ ಕಡೆ ಯಾರಾದರೂ ಹೆಸರು ಬಚ್ಚಿಡುವುದು ಕದ್ದಾಗ ಇಲ್ಲವೇ ಓಡಿಹೋದಾಗ. ಒಳ್ಳೆ ಕೆಲಸ ಮಾಡಿ ಹೆಸರು ಬಚ್ಚಿಡುವುದು ನಾನು ನೋಡಿದ್ದೇ ಇಲ್ಲ. ಪಂಚಾಯಿತಿಯ ಮೆಂಬರ್ ಹುಟ್ಟಿದ ಹಬ್ಬಕ್ಕೆ ಫ್ಲೆಕ್ಸು, ಟ್ರ್ಯಾಕ್ಟರ್ ತಂದವನಿಗೆ ಫ್ಲೆಕ್ಸು, ಎಸ್ಸೆಸ್ಸೆಲ್ಸಿಯಲ್ಲಿ ಪಾಸಾದವನಿಗೂ ಫ್ಲೆಕ್ಸು, ನಾಡೆಲ್ಲ ನಗಿಸುವ ನನ್ನ ಮಗಳಿಗೆ ಇಲ್ಲ. ಶ್ರಾವಣದಲ್ಲಿ ಬಸ್‌ಸ್ಟ್ಯಾಂಡಿನ ಎದುರು ಹತ್ತಡಿ ಎತ್ತರದ್ದು ನಿಲ್ಲಿಸಿದೆವು. ‘ಕೆಂಚಿಯನ್ನು ಹೆತ್ತ ಹುಣಸೆಬೀಜ, ನಮ್ಮೂರ ಕುವರಿ ಶಿವಲೀಲಾ ಅವರಿಗೆ ಹಾರ್ದಿಕ ಅಭಿನಂದನೆಗಳು.’ ಕೆಳಗೆ ಶುಭ ಕೋರುವವರ ಮುಖಗಳು. ನಿನ್ನ ಮುಖಕ್ಕಿಂತ ನನ್ನದು ಸ್ವಲ್ಪ ದೊಡ್ಡದಾಗಿ ಬಂದದ್ದು ಮಧುಗಿರಿಯ ಫ್ಲೆಕ್ಸ್ ಅಂಗಡಿಯವನ ತಪ್ಪು. ನೀನು ಕೆಲಸ ಮಾಡುವ ಶಾಲೆಯ ಹೆಸರು ಹಾಕಿಸಿದ್ದು, ‘ಗಂಟೆ ಮೇಷ್ಟ್ರ ಶಾಲೆ ಇದೇನೇ’ ಅಂತ ಬ್ರಾಕೆಟ್ಟಲ್ಲಿ ಸೇರಿಸಿದ್ದು ಮಾತ್ರ ನಾನು. ಓದಿದವರು ನಗಲಿ ಅಂತ.

ಅದರ ಫೋಟೋ ಮೊಬೈಲಿಂದ ಮೊಬೈಲಿಗೆ ಹಾರಿ ಹಾರಿ ನಿಮ್ಮ ಹೆಡ್‌ಮಾಸ್ಟರ ಕೈಗೇ ಹೋಗಿ ಕೂರುತ್ತದೆ ಅಂತ ಯಾರು ಕಂಡಿದ್ದರು. ಅವರು ಜೇಬಲ್ಲಿ ಗಂಟೆ ಇಟ್ಟುಕೊಳ್ಳುವವರಲ್ಲದಿದ್ದರೆ ಅದು ತಾವೇ ಅಂತ ಅವರಿಗೆ ಗೊತ್ತಾದದ್ದಾದರೂ ಹೇಗೆ, ನೀನೇ ಹೇಳು. ಇರಲಿ. ನಿನ್ನ ಕ್ವಾರ್ಟರ್ಸು ಬಿಡಿಸಿದರು, ಸಾಮಾನು ಕಟ್ಟಿಕೊಂಡು ಯಾರದೋ ಮಹಡಿಯ ಒಂಟಿ ರೂಮಿಗೆ ಹೋದೆ, ಸ್ಟಾಫ್ ರೂಮಿನಲ್ಲಿ ನೀನು ಒಳಗೆ ಬಂದರೆ ಮಾತು ನಿಲ್ಲಿಸುತ್ತಾರೆ. ಇಷ್ಟನ್ನು ನೀನು ಫೋನಿನಲ್ಲಿ ಅಳದೆ ಹೇಳಿದೆ. ಅತ್ತಿದ್ದರೆ ನಾನು ಏನಾದರೂ ಸುಳ್ಳು ಹೇಳಿ ಸಮಾಧಾನ ಮಾಡುತ್ತಿದ್ದೆ. ‘ಮಾವ, ನಿನ್ ಹೊಟ್ಟೇಲಿ ನನ್ನದೊಂದು ಮಾತು ಉಳೀಲಿಲ್ಲ’ ಅಂತ ಹೇಳಿ ಇಟ್ಟೆ. ಅದೇ ಕಡೆ. ನಾನು ಫ್ಲೆಕ್ಸು ಕೀಳಿಸಿ ಮಡಚಿ ತಂದೆ. ಈಗ ಕಡಲೆಕಾಯಿ ಒಣಹಾಕಲು ಬರುತ್ತಿದೆ, ನಿನ್ನ ಮುಖ ಇರುವ ಕಡೆ ಮಾತ್ರ ಏನೂ ಹರಡಿಲ್ಲ.

ಅದರ ಮುಂದಿನ ಭಾನುವಾರ ಭೀಮರಾಜು ಹಾಳೆ ಕೊಟ್ಟ. ಮೊದಲ ಚೌಕದಲ್ಲಿ ಬುರುಡೆ ಮಾವ ಬಸ್‌ಸ್ಟ್ಯಾಂಡಿನಲ್ಲಿ ನಿಂತಿದ್ದಾನೆ. ಎರಡನೆಯದರಲ್ಲಿ ಬಸ್ಸು. ಮೂರನೆಯದರಲ್ಲಿ ಹತ್ತುತ್ತಿದ್ದಾನೆ, ಬೆನ್ನು ಮಾತ್ರ ಕಾಣುತ್ತದೆ. ನಾಲ್ಕನೆಯದರಲ್ಲಿ ಧೂಳು. ಒಂದು ಮಾತಿಲ್ಲ. ಬಸ್ಸಿಗೆ ನೀನು ಬೋರ್ಡೂ ಬರೆದಿಲ್ಲ. ಮಹಾಲಿಂಗಯ್ಯ ಹಾಳೆಯನ್ನು ಎರಡೂ ಕಡೆ ತಿರುಗಿಸಿ ನೋಡಿ, ‘ಬೋರ್ಡ್ ಇಲ್ದಿರೋ ಬಸ್ಸು ಡಿಪೋಗೆ ಹೋಯ್ತದೆ ಕಣಯ್ಯ. ಅದು ರೋಡಿಗೆ ಬರೋದು ರಿಪೇರಿ ಆದ್ಮೇಲೇಯ’ ಅಂದ. ರಿಪೇರಿ ಎಷ್ಟು ದಿನ ಆಗುತ್ತಪ್ಪ ಅಂದೆ. ‘ಏನು ಕೆಟ್ಟದೆ ಅನ್ನೋದರ ಮೇಲೆ’ ಅಂದ. ಅವತ್ತು ನನಗೆ ಟೀ ಸೇರಲಿಲ್ಲ.

ಅಲ್ಲಿಂದ ಈಚೆಗೆ ನಾನು ನಿನ್ನ ಚಿತ್ರ ನೋಡುವ ರೀತಿ ಭೂತಗನ್ನಡಿ ಹಿಡಿದ ಡಾಕ್ಟರರೂ ನೋಡುವುದಿಲ್ಲ. ಒಂದು ವಾರ ದೂರದ ರಸ್ತೆಯಲ್ಲಿ ಸಣ್ಣ ಬಸ್ಸು, ಅದರ ಕಿಟಕಿಯಲ್ಲಿ ಮೀಸೆಯಂಥದ್ದೇನೋ ಇತ್ತು. ಬಂದ ಅಂದೆ. ಭೀಮರಾಜು ಉಗುರಲ್ಲಿ ಕೆರೆದು ಅದು ಪ್ರೆಸ್ಸಿನ ಮಸಿ ಅಂದ. ಇನ್ನೊಂದು ವಾರ ಕೆಂಚಿಯ ಮನೆಯ ಜಗಲಿಯ ಮೂಲೆಯಲ್ಲಿ ಒಂದು ಟವೆಲ್ ಬಿದ್ದಿತ್ತು, ಕೆಂಪು ಅಂಚಿನದು, ನಂದೇ ಅದು. ಮಾವ ಒಳಗೆ ಸ್ನಾನಕ್ಕೆ ಹೋಗಿದಾನೆ ಅಂತ ವಾದ ಮಾಡಿದೆ. ‘ಟವೆಲ್ಲು ಬುಟ್ಟು ಯಾರ್ ಹೋಯ್ತಾರೆ ಸ್ನಾನಕ್ಕೆ’ ಅಂತ ಇಡೀ ಹೋಟೆಲು ನಕ್ಕಿತು. ನಾನೂ ನಕ್ಕೆ. ಆ ಹಾಳೆಯನ್ನು ಮಾತ್ರ ಭೀಮರಾಜುವನ್ನು ಕೇಳಿ ಮನೆಗೆ ತಂದೆ.

ದೀಪಾವಳಿ ದಿನ ಮನೆಯಲ್ಲಿ ಕೂರಲಾಗದೆ ಮಧುಗಿರಿಗೆ ಹೋಗಿ, ಅಲ್ಲಿಂದ ಸಿಕ್ಕಿದ ಬಸ್ಸು ಹತ್ತಿ, ಪಾವಗಡದ ಆಚೆ ಬಲಸಮುದ್ರದವರೆಗೆ ಹೋಗಿಬಂದೆ. ಅಲ್ಲಿ ಯಾವ ಕೆಲಸವೂ ಇರಲಿಲ್ಲ. ಕಣ್ಣು ಹರಿಯುವಷ್ಟು ದೂರ ಸೋಲಾರ್ ಹಲಗೆಗಳು, ಎಲ್ಲ ಒಂದೇ ಕಡೆ ತಲೆಯೆತ್ತಿ ಕೂತಿವೆ. ಕೆಂಚಿ ಇದ್ದಿದ್ದರೆ ಸೂರ್ಯನ ಸ್ಕೂಲಿನ ಮಕ್ಕಳು ಸ್ಲೇಟು ಒಣಗಿಸ್ತಾ ಇದಾರೆ ಅಂದಿರೋಳು ಅಂತ ಹೊಳೆಯಿತು. ಹೊಳೆದದ್ದನ್ನು ಹೇಳಲು ಪಕ್ಕದಲ್ಲಿ ಯಾರಿದ್ದಾರೆ. ಕಂಡಕ್ಟರ್ ಹುಡುಗನಿಗೆ ಹೇಳಿದೆ. ಅವನು ನನ್ನ ಮುಖ ನೋಡಿ ತೆಲುಗಲ್ಲಿ ‘ಟಿಕೆಟ್ ತೀಸ್ಕೋ ತಾತ’, ಟಿಕೆಟ್ ತಗೋ ಅಂದ. ತಾತನಂತೆ. ಈ ಸ್ಲೇಟಿನ ಮಾತು ನಿನಗೇ, ಬೇಕಾದರೆ ಉಪಯೋಗಿಸಿಕೋ, ನನ್ನ ಹೆಸರು ಬೇಡ.

ನನ್ನ ಮಾತು ಇರಲಿ, ಕೆಂಚಿಯನ್ನು ನೋಡು. ಮಾವ ಹೋದಾಗಿನಿಂದ ಮರಿಬೆಟ್ಟ ಎದ್ದಿಲ್ಲ. ಅವಳು ಅದರ ಮೇಲೆ ಕೂತಿರುತ್ತಾಳೆ, ಅದು ಬರೀ ಬಂಡೆ. ಹೋದ ವಾರ ಅವಳು ಅದಕ್ಕೆ ಉಪ್ಪಿನಕಾಯಿ ತಂದಿಟ್ಟಳು, ಇರುವೆ ಬಂದವು. ಹೋಟೆಲಲ್ಲಿ ಈಗ ಯಾರೂ ನಗುವುದಿಲ್ಲ, ಹಾಳೆ ತಿರುಗಿಸಿ ರಾಶಿಭವಿಷ್ಯ ಓದುತ್ತಾರೆ. ನಾನು ಬುರುಡೆ ಬಿಡುವವನೇ ಇರಬಹುದು, ಆದರೆ ಆ ಮಗುವಿನ ಮಾತಿಗೆ ಹೂಂಗುಟ್ಟಲು ಒಬ್ಬರು ಬೇಕಲ್ಲಮ್ಮ. ಆ ಒಂಟಿ ರೂಮಿನಲ್ಲಿ ನೀನು ಏನಾದರೂ ವಿಚಿತ್ರ ನೋಡಿದರೆ ಯಾರಿಗೆ ಹೇಳುತ್ತೀಯ?

ಅದಕ್ಕೇ ಒಂದು ಮಾತು ಕೇಳುತ್ತೇನೆ. ಬುರುಡೆ ಮಾವನನ್ನು ಬಸ್ಸಿಂದ ಇಳಿಸು. ಮೊದಲಿನ ಜಾಗ ಕೊಡು ಅನ್ನುವುದಿಲ್ಲ. ಮೀಸೆ ಬೋಳಿಸು. ಮಾತು ಬೇಡ, ಬಾಯಿಗೆ ಬಟ್ಟೆ ಕಟ್ಟಿ ಮೂಲೆಯಲ್ಲಿ ಕೂರಿಸು, ನಾಲ್ಕು ಜನ ನಗಲಿ. ಅದೂ ಜಾಸ್ತಿ ಅನ್ನಿಸಿದರೆ ಮನೆಯೊಳಗಿಂದ ಒಂದು ಕೆಮ್ಮು ಬರೆ. ನನಗೆ ಗೊತ್ತಾಗುತ್ತದೆ.

ಜನ ಏನೇನೋ ಹೇಳಿಯಾರು, ಅದಕ್ಕೇ ಇದನ್ನೂ ನಾನೇ ಹೇಳುತ್ತೇನೆ: ಮಾವ ಈ ವಾರ ಬಂದೇ ಬರ್ತಾನೆ ಅಂತ ಭಾನುವಾರ ಭಾನುವಾರ ಮಹಾಲಿಂಗಯ್ಯನ ಹತ್ತಿರ ಸಣ್ಣದಾಗಿ ಬಾಜಿ ಕಟ್ಟುತ್ತಿದ್ದೇನೆ. ಹೊತ್ತು ಹೋಗಲಿ ಅಂತ ಅಷ್ಟೇ. ಎಲ್ಲ ಸೇರಿ ಐನೂರು ಹೋಗಿರಬಹುದು, ಅದೊಂದು ದುಡ್ಡೇ.

ಪಕ್ಕದ ಮನೆಯ ದಾಸಮ್ಮ ನಿನ್ನನ್ನು ಕೇಳಿದಳು ಅಂತ ಬರೆಯಲು ಹೇಳಿದಳು. ಅವಳು ಹೇಳಿದ್ದು ನಿಜ, ಬೇಕಾದರೆ ಅವಳಿಗೇ ಫೋನು ಮಾಡಿ ಕೇಳು, ಆ ಹೊತ್ತಿಗೆ ನಾನು ಅಲ್ಲೇ ನಿಂತಿರುತ್ತೇನೆ. ಸಿದ್ದೇಶ್ವರ ನಿನ್ನ ಕಣ್ಣು, ಕೈ, ಕಿವಿ ಮೂರನ್ನೂ ಕಾಯಲಿ. ಹೊಟ್ಟೆ ತುಂಬ ಉಣ್ಣು.

ನಿನ್ನ ಮಾವ,
ಚನ್ನಮಲ್ಲಯ್ಯ

ಮರೆತದ್ದು: ಟಪಾಲು ಚೀಲ ಕಟ್ಟುವ ಹೊತ್ತಾಯಿತು, ಪೋಸ್ಟ್‌ಮಾಸ್ಟರ್ ಕೈ ಚಾಚಿಕೊಂಡು ನಿಂತಿದ್ದಾನೆ, ಅವನ ಪೆನ್ನಲ್ಲೇ ಬರೆಯುತ್ತಿದ್ದೇನೆ. ಐನೂರು ಅಂದದ್ದು ಸುಳ್ಳು. ಮೊದಲ ವಾರ ನೂರು ಕಟ್ಟಿದೆ, ಸೋತೆ. ಮುಂದಿನ ವಾರ ಇನ್ನೂರು, ಅದರಾಚೆ ಮುನ್ನೂರು, ಹಾಗೇ ಏರಿಸಿಕೊಂಡು ಬಂದೆ. ಹೋದ ಭಾನುವಾರ ದುಡ್ಡು ತಗೊಳ್ಳೋಕೆ ಮಹಾಲಿಂಗಯ್ಯನಿಗೇ ನಾಚಿಕೆಯಾಗಿ, ‘ಬರಲ್ಲ ಅಂತ ನೀನು ಕಟ್ಟು, ಬತ್ತಾನೆ ಅಂತ ನಾನು ಕಟ್ತೀನಿ, ಹೋಗಿರೋದೆಲ್ಲ ವಾಪಸ್ ಬಂದ್ಬುಡ್ತದೆ’ ಅಂದ. ನನ್ನ ಬಾಯಿ ಎಂಥೆಂಥ ಸುಳ್ಳು ಹೇಳಿದೆ ನಿನಗೇ ಗೊತ್ತು. ಬರಲ್ಲ ಅನ್ನೋದೊಂದು ಮಾತು ಆ ಬಾಯಿಂದ ಹೊರಡಲಿಲ್ಲ ಕಣಮ್ಮ. ಈ ಭಾನುವಾರಕ್ಕೂ ಬರ್ತಾನೆ ಅಂತಲೇ ಕಟ್ಟಿದ್ದೇನೆ. ಇಲ್ಲಿಯವರೆಗೆ ಹೋಗಿರೋದು ಏಳು ಸಾವಿರದ ಎಂಟುನೂರು.